ಮಲ್ಲೇಶ್ವರಕ್ಕೆ ಹೋದ ದೀಪ

ಆ ದಿನ ಬೆಳಗ್ಗೆ ನಮ್ಮ ಮನೆಯಲ್ಲಿ ಹಬ್ಬದಂಥ ಗದ್ದಲ. ನಮ್ಮ ಸೊಸೆ ಲಾವಣ್ಯಾಳ ಹೆಸರು ಬಿ.ಎಡ್. ಸೀಟಿನ ಪಟ್ಟಿಯಲ್ಲಿ ಬಂದಿತ್ತು. ಮೊಬೈಲಿಗೆ ಸಂದೇಶ ಬಂದದ್ದೇ ತಡ, ನನ್ನ ಮಗ ಮುನಿಕೃಷ್ಣ ಅಡುಗೆಮನೆಯಿಂದ ನಡುಮನೆಗೆ, ನಡುಮನೆಯಿಂದ ಬೀದಿಗೆ ಓಡಾಡತೊಡಗಿದ. ಚಾಮರಾಜಪೇಟೆಯ ನಮ್ಮ ಓಣಿಯಲ್ಲಿ ನೀರು ಹಿಡಿಯುತ್ತಿದ್ದ ಹೆಂಗಸರಿಗೆಲ್ಲ ಹೇಳಿ ಬಂದ.

"ಅಪ್ಪಾ, ನೋಡ್ದ್ಯಾ? ನಿನ್ ಸೊಸೆ ಟೀಚರ್ ಆಗ್ತಾಳೆ!"

"ಇನ್ನೂ ಸೇರ್ಬೇಕಲ್ಲೋ" ಎಂದೆ.

"ಸೇರ್ದಂಗೇ ಲೆಕ್ಕ. ಬರೋ ವಾರ ಮಲ್ಲೇಶ್ವರದ ಆಫೀಸಿಗೆ ಅವಳೇ ಹೋಗಿ ಪೇಪರ್ ತೋರಿಸ್ಬೇಕು, ಅಷ್ಟೆ. ಆ ದಿನ ತಪ್ಪಿದ್ರೆ ಮಾತ್ರ ಸೀಟು ಮುಂದಿನವರಿಗೆ ಹೋಗ್ಬಿಡತ್ತೆ. ತಪ್ಪಿಸ್ತೀನಾ ನಾನು?" ಹೀಗೆಂದು ಸೈಕಲ್ ತೆಗೆದ. ಗಾಂಧಿ ಬಜಾರಿನಿಂದ ಮೈಸೂರುಪಾಕು ತರುವುದಾಗಿ ಹೇಳಿ, ಒಳಗೆ ತಿರುಗಿ ಕೂಗಿದ: "ಲಾವಣ್ಯಾ, ಪೇಪರೆಲ್ಲಾ ಜೋಡಿಸಿಡು, ಬಂದ್ಬಿಟ್ಟೆ!"

ಸ್ವಲ್ಪ ಹೊತ್ತಿನ ಮೇಲೆ ಗುರುತಿಲ್ಲದವರೊಬ್ಬರು ನಮ್ಮ ಬಾಗಿಲಲ್ಲಿ ನಿಂತರು. ಒಂದು ಕೈಯಲ್ಲಿ ನನ್ನ ಮಗನ ಸೈಕಲ್ಲು, ಇನ್ನೊಂದರಲ್ಲಿ ಮಿಠಾಯಿಯ ಡಬ್ಬ. "ಹವಾಲ್ದಾರ್ ಮುನಿಕೃಷ್ಣ ಅವರ ಮನೆ ಇದೇನಾ? ಜೇಬಿನ ಕಾರ್ಡ್ ನೋಡ್ಕೊಂಡು ಬಂದೆ. ಅಂಗಡಿ ಮುಂದೆ ಎದೆ ಹಿಡ್ಕೊಂಡು ಕೂತ್ಬಿಟ್ರು. ಆಸ್ಪತ್ರೆಗೆ ಸೇರಿಸಿದೀವಿ. ಯಾರಾದ್ರೂ ಹಿರಿಯರು ಬನ್ನಿ." ಅವರು ಇಷ್ಟೇ ಹೇಳಿದರು. ಆದರೆ ಸೈಕಲ್ಲನ್ನು ಗೋಡೆಗೆ ಒರಗಿಸುವಾಗ ಅವರು ತೋರಿಸಿದ ಮೃದುತ್ವ ನೋಡಿಯೇ ನನಗೆ ತಿಳಿಯಿತು. ಬದುಕಿರುವವನ ಸೈಕಲ್ಲನ್ನು ಯಾರೂ ಹಾಗೆ ನಿಲ್ಲಿಸುವುದಿಲ್ಲ.

ನನ್ನ ಹೆಸರು ಮುನಿರಾಮಪ್ಪ. ಕಲಾಸಿಪಾಳ್ಯದಲ್ಲಿ ತರಕಾರಿ ಮಂಡಿ ನಡೆಸಿ ಮುದುಕನಾದವನು. ಮುನಿಕೃಷ್ಣ ನಮ್ಮ ಒಬ್ಬನೇ ಮಗ. ಹದಿನೇಳು ವರ್ಷ ಸೈನ್ಯದಲ್ಲಿದ್ದು, ನಲವತ್ತಕ್ಕೆ ಮೊದಲೇ ಪಿಂಚಣಿ ಪಡೆದು ಬಂದ. ಬಂದ ಹೊಸದರಲ್ಲಿ ಮಂಡಿಯಲ್ಲಿ ನನ್ನ ಪಕ್ಕ ಕೂತ. ಬದನೆಕಾಯಿಗೆ ಕೂಗು ಹಾಕೆಂದರೆ ಪರೇಡಿನಲ್ಲಿ ಆಜ್ಞೆ ಕೊಟ್ಟಂತೆ ಕೂಗುವನು. ಗಿರಾಕಿಗಳು ಬೆಚ್ಚಿಬಿದ್ದು ಪಕ್ಕದ ಮಂಡಿಗೆ ಹೋಗುವರು. ಕೊನೆಗೆ ಸೈನ್ಯದಿಂದ ಬಂದವರಿಗೆ ಸರ್ಕಾರ ಕೊಡಿಸುವ ತರಬೇತಿಗೆ ಸೇರಿದ. ಆಮೇಲೆ ಮಾಜಿ ಸೈನಿಕರಿಗೆಂದು ಇಟ್ಟ ಜಾಗದಲ್ಲಿ ಕಾಟನ್‌ಪೇಟೆಯ ಒಂದು ಬ್ಯಾಂಕಿನಲ್ಲಿ ಗುಮಾಸ್ತನಾದ. ಅಂದಿನಿಂದ ಅವನ ಮುಖಕ್ಕೆ ಹೊಸ ಕಳೆ ಬಂತು.

"ಸರ್ಕಾರದ ಬಾಗ್ಲಲ್ಲಿ ಕೈ ಒಡ್ಡೋದು ನಮ್ ವಂಶದಲ್ಲೇ ಇಲ್ಲ" ಎಂದು ಅವನ ತಾಯಿ ಮುತ್ಯಾಲಮ್ಮ ಗೊಣಗಿದಾಗ ಅವನು ನಗುತ್ತಿದ್ದ. "ಇದು ಭಿಕ್ಷೆ ಅಲ್ಲಮ್ಮ. ಹಿಮದಲ್ಲಿ ನಿಂತು ನಾನೇ ದುಡಿದಿಟ್ಟಿದ್ದು. ನನ್ ಪಾಲು ನಂಗೆ ಸಿಕ್ತು. ಇನ್ನು ಲಾವಣ್ಯನ ಪಾಲು. ನಾನು ಹೋದ ಕಡೆಯೆಲ್ಲಾ ಗಂಟು ಕಟ್ಕೊಂಡು ಬಂದೋಳು ಅವಳಲ್ವಾ?"

ಅದು ನಿಜ. ಝಾನ್ಸಿ, ಜೋಧ್‌ಪುರ ಎಂದು ಊರೂರು ತಿರುಗುತ್ತ, ಅಂಚೆಯ ಮೂಲಕ ಪಾಠ ತರಿಸಿಕೊಂಡು ಅವಳು ಬಿ.ಎ. ಮುಗಿಸಿದ್ದಳು. ಅವರಿಗೆ ಮಕ್ಕಳಾಗಲಿಲ್ಲ. ಸೈನಿಕರ ವಸತಿಯಲ್ಲಿ ಪಕ್ಕದ ಮನೆಯ ಮಕ್ಕಳನ್ನೆಲ್ಲ ಕೂರಿಸಿಕೊಂಡು ಪಾಠ ಹೇಳುತ್ತಿದ್ದಳಂತೆ. ಮಾಜಿ ಸೈನಿಕರ ಕುಟುಂಬಕ್ಕೂ ಕಾಲೇಜಿನಲ್ಲಿ ಸೀಟುಂಟು ಎಂದು ತಿಳಿದ ದಿನದಿಂದ ಗಂಡಹೆಂಡಿರದು ಸಂಜೆಯೆಲ್ಲ ಅದೇ ಮಾತು. ಅವನು ಬೆಳ್ಳುಳ್ಳಿ ಸುಲಿಯುತ್ತ ಪ್ರಶ್ನೆ ಕೇಳುವನು, ಅವಳು ಒಗ್ಗರಣೆ ಹಾಕುತ್ತ ಉತ್ತರ ಹೇಳುವಳು.

ಈಗ ಅವನಿಲ್ಲ. ಸೀಟು ಮಾತ್ರ ಬಂದು ನಿಂತಿತ್ತು.

ನಮ್ಮ ಮನೆತನದಲ್ಲಿ ಒಂದು ಕಟ್ಟಳೆಯುಂಟು. ಸತ್ತವರ ತಲೆ ಇಟ್ಟಿದ್ದ ಜಾಗದಲ್ಲಿ ಒಂದು ಮಣ್ಣಿನ ಹಣತೆ ಹಚ್ಚಿಡುತ್ತೇವೆ. ಹನ್ನೊಂದನೆಯ ದಿನದ ಕಾರ್ಯ ಮುಗಿಯುವವರೆಗೆ ಅದು ಆರಬಾರದು. ಹೋದ ಜೀವ ಆ ಬೆಳಕು ನೋಡಿಕೊಂಡು ದಾರಿ ನಡೆಯುತ್ತದೆ ಎಂದು ನಮ್ಮ ಹಿರಿಯರ ನಂಬಿಕೆ, ನನ್ನ ನಂಬಿಕೆಯೂ ಅದೇ. ಹೋದವನಿಗೆ ಹೆಂಡತಿ ಇದ್ದರೆ ದೀಪ ಕಾಯುವವಳು ಅವಳು. ದೀಪವನ್ನು ಬಿಟ್ಟು ಅವಳು ಹೊರಗೆ ಹೋಗುವಂತಿಲ್ಲ. ಲಾವಣ್ಯಾ ಗೋಡೆಗೆ ಒರಗಿ ಹಣತೆಯ ಪಕ್ಕ ಕೂತಿದ್ದಳು. ಆ ಮಿಠಾಯಿಯ ಡಬ್ಬವನ್ನು ಮುತ್ಯಾಲಮ್ಮ ಅದರ ಹತ್ತಿರವೇ ಇಟ್ಟಿದ್ದಳು. ಅದನ್ನು ಯಾರೂ ತೆರೆಯಲಿಲ್ಲ.

ಮಲ್ಲೇಶ್ವರಕ್ಕೆ ಹೋಗಬೇಕಾದ ದಿನದ ಬೆಳಗ್ಗೆ ಸತೀಶ ತನ್ನ ಆಟೋದಲ್ಲಿ ಬಂದ. ಇವನು ಸೈನ್ಯದಲ್ಲಿ ನನ್ನ ಮಗನ ಜೊತೆಗಿದ್ದವನು. ಈಗ ಆಟೋ ಓಡಿಸುತ್ತಾನೆ. ಪಾಲಿಕೆಯಿಂದ ಮರಣ ಪ್ರಮಾಣಪತ್ರ ತಂದುಕೊಟ್ಟವನೂ ಅವನೇ.

"ಅಪ್ಪಾಜಿ, ಇವತ್ತೇ ಅಲ್ವಾ? ಅತ್ತಿಗೆ ರೆಡಿನಾ?"

ನಾನು ಉತ್ತರಿಸುವ ಮೊದಲೇ ಮುತ್ಯಾಲಮ್ಮ ಎದ್ದು ನಿಂತಳು. "ಎಲ್ಲಿಗೆ? ದೀಪ ಬಿಟ್ಟು ಎಲ್ಲಿಗೆ ಹೋಗ್ತಾಳೆ? ನನ್ ಮಗ ಕತ್ತಲಲ್ಲಿ ತಡಕಾಡ್ಲಾ?"

"ಅಮ್ಮಾ, ಬೇರೆಯವರು ಹೋದ್ರೆ ಆಗಲ್ಲ. ಅವರೇ ಬರ್ಬೇಕು ಅಂತಾರೆ. ಇವತ್ತು ಬಿಟ್ರೆ ಸೀಟು ಹೋಯ್ತು."

"ಹೋಗ್ಲಿ! ಮಗನೇ ಹೋದ, ಸೀಟಂತೆ ಸೀಟು!"

ಲಾವಣ್ಯಾ ತಲೆ ಎತ್ತಿದಳು. ಅಷ್ಟು ದಿನಗಳಲ್ಲಿ ಅವಳ ಧ್ವನಿ ಕೇಳಿದ್ದೇ ಕಡಿಮೆ. "ಅತ್ತೆ, ನೀವು ಬೇಡ ಅಂದ್ರೆ ಹೋಗಲ್ಲ. ಆದ್ರೆ ಅವರು ನನ್ ಹತ್ರ ಕೊನೇಲಿ ಆಡಿದ ಮಾತು ಅದೇ. ಪೇಪರ್ ಜೋಡಿಸಿಡು ಅಂದ್ರು. ಅವರು ಬರೋಷ್ಟರಲ್ಲಿ ಜೋಡಿಸಿಟ್ಟಿದ್ದೆ." ಅಷ್ಟು ಹೇಳಿ ಬತ್ತಿಯನ್ನು ಮುಂದಕ್ಕೆ ನೂಕಿದಳು.

ನಾನು ದೀಪವನ್ನೇ ನೋಡುತ್ತಿದ್ದೆ. ಸೂತಕದಲ್ಲಿ ದೇವರ ಗೂಡಿನ ಬಾಗಿಲು ಮುಚ್ಚಿತ್ತು. ಮನಸ್ಸಿನಲ್ಲೇ ನಮ್ಮ ಮುನೇಶ್ವರ ಸ್ವಾಮಿಗೆ ಕೈಮುಗಿದೆ. ಹಿರಿಯರ ಮಾತು ಮುರಿಯಲು ನನಗೆ ಎದೆಯಿಲ್ಲ. ಮಗನ ಮಾತು ಮುರಿಯಲು ಮೊದಲೇ ಇಲ್ಲ. ಹಾಗೆ ನೋಡುತ್ತಿರುವಾಗ ಇದ್ದಕ್ಕಿದ್ದಂತೆ ಒಂದು ಯೋಚನೆ ಹೊಳೆಯಿತು.

"ಏನೇ, ಅವಳು ದೀಪ ಬಿಟ್ಟು ಹೋಗ್ಬಾರ್ದು, ಸರಿ. ದೀಪಾನೇ ಅವಳ ಜೊತೆ ಹೋದ್ರೆ?"

ಮುತ್ಯಾಲಮ್ಮ ನನ್ನನ್ನು ಮೇಲಿಂದ ಕೆಳಗೆ ನೋಡಿದಳು. "ನಿಮಗೆ ಬಿಸಿಲು ತಾಕಿದ್ಯಾ? ಮನೆ ಒಳಗಿನ ದೀಪ ಅದು!"

"ಹದಿನೇಳು ವರ್ಷ ಅವನು ಈ ಮನೇಲಿ ಎಲ್ಲಿದ್ದ ಹೇಳು. ಅವನು ಹೋದ ಕಡೆ ಲಾವಣ್ಯ ಹೋದ್ಲು, ಅಲ್ಲೇ ಮನೆ ಮಾಡಿದ್ಲು. ಇವತ್ತು ಅವಳು ಹೋಗೋ ಕಡೆ ಅವನು ಬರ್ಲಿ."

ಅವಳು ಹಣತೆಯ ಕಡೆ ತಿರುಗಿ ನೋಡಿದಳು. ಆಮೇಲೆ ಸೆರಗು ಸೊಂಟಕ್ಕೆ ಸಿಕ್ಕಿಸಿದಳು. "ಹಂಗಾದ್ರೆ ನಾನೂ ಬರ್ತೀನಿ. ನಿಮ್ ಕೈಗೆ ದೀಪ ಕೊಟ್ರೆ ಸಿರ್ಸಿ ಸರ್ಕಲ್ ತಂಕ ಉಳಿಯಲ್ಲ."

ಇನ್ನು ನನಗೆ ಕೈಕಾಲು ನಿಲ್ಲಲಿಲ್ಲ. ಐವತ್ತು ವರ್ಷ ಟೊಮೇಟೊ ಬುಟ್ಟಿ ಕಟ್ಟಿದ ಕೈ ನನ್ನದು. ಮಡಿಕೇರಿಗೆ ಕಳಿಸಿದರೂ ಒಂದು ಹಣ್ಣು ಒಡೆಯದ ಹಾಗೆ ಕಟ್ಟುತ್ತಿದ್ದೆ. ಅಟ್ಟದಿಂದ ಹಳೆಯ ಬಿದಿರಿನ ಮಂಕರಿ ಇಳಿಸಿ, ತಳಕ್ಕೆ ಒದ್ದೆ ಗೋಣಿ ಹಾಸಿ, ಮೇಲೆ ಮರಳು ಸುರಿದೆ. ಮೂಲೆಯಂಗಡಿಯ ಸೊಣ್ಣಪ್ಪ ಚಕ್ಕುಲಿ ತುಂಬುವ ಅಗಲ ಬಾಯಿಯ ಗಾಜಿನ ಜಾಡಿಯನ್ನು ಖಾಲಿ ಮಾಡಿ ಕೊಟ್ಟ. ಜಾಡಿಯನ್ನು ಮರಳಿನಲ್ಲಿ ಹೂತು, ಅದರೊಳಗೂ ಒಂದು ಹಿಡಿ ಮರಳು ಹಾಕಿದೆ. ಲಾವಣ್ಯಾ ಹಣತೆಯನ್ನು ಎರಡೂ ಕೈಯಲ್ಲಿ ಎತ್ತಿ ಒಳಗಿಟ್ಟಳು. ಉರಿ ಒಮ್ಮೆ ಬಳುಕಿತು. ನಾವೆಲ್ಲ ಉಸಿರು ಹಿಡಿದೆವು. ಅದು ನೆಟ್ಟಗೆ ನಿಂತಿತು.

ಸತೀಶ ಆಟೋದ ಎರಡೂ ಕಡೆಯ ಪರದೆ ಇಳಿಸಿ ಕಟ್ಟಿದ. "ಅಮ್ಮಾ, ನನ್ನ ಗಾಡಿ ಓಡೋದು ಗ್ಯಾಸಲ್ಲಿ. ಹಿಂದೆ ಗ್ಯಾಸು, ಒಳಗೆ ಬೆಂಕಿ! ಇಷ್ಟು ಧೈರ್ಯ ನಾನು ಬಾರ್ಡರ್‌ನಲ್ಲೂ ಮಾಡಿಲ್ಲ."

"ಬಾಯಿ ಮುಚ್ಕೊಂಡು ಓಡ್ಸೋ. ನಿಧಾನ!"

"ನಿಧಾನ ಅಂದ್ರೆ ಟೈಮ್ ಮೀರತ್ತೆ, ಜೋರು ಅಂದ್ರೆ ದೀಪ ಆರತ್ತೆ. ನಿಮ್ ಮಗನೂ ಹಿಂಗೇ ಕಷ್ಟಕ್ಕೆ ಸಿಕ್ಕಿಸ್ತಿದ್ದ ನನ್ನ!"

ನಾವು ಹೊರಟೆವು. ನಡುವೆ ಮುತ್ಯಾಲಮ್ಮ, ಅವಳ ಮಡಿಲಲ್ಲಿ ಮಂಕರಿ, ಈಚೆ ನಾನು, ಆಚೆ ಲಾವಣ್ಯಾ. ಅವಳ ಒಂದು ಕೈ ಪೇಪರುಗಳ ಚೀಲದ ಮೇಲೆ, ಇನ್ನೊಂದು ಜಾಡಿಯ ಬಾಯಿಗೆ ಅಡ್ಡ. ಕಾಟನ್‌ಪೇಟೆಯಲ್ಲಿ ಲಾರಿಯೊಂದು ರಸ್ತೆಗೆ ಅಡ್ಡ ನಿಂತು ಬಟ್ಟೆಯ ಬೇಲು ಇಳಿಸುತ್ತಿತ್ತು. ಸತೀಶ ತಲೆ ಹೊರಗೆ ಹಾಕಿ, "ಗುರು, ಸ್ವಲ್ಪ ಜಾಗ ಬಿಡಪ್ಪ, ಒಳಗೆ ದೀಪ ಇದೆ!" ಎಂದು ಕೂಗಿದ. "ಎಲ್ರ ಮನೇಲೂ ದೀಪ ಇದೆ, ತಡ್ಕೊ" ಎಂದು ಲಾರಿಯವನು ಉತ್ತರಿಸಿದ. ಪರದೆ ಸರಿಸಿ ಮುತ್ಯಾಲಮ್ಮ ಅವನನ್ನು ಒಂದು ಸಲ ನೋಡಿದಳು. ಅವನು ಲಾರಿಯನ್ನು ಹಿಂದಕ್ಕೆ ತೆಗೆದ.

ಹಳ್ಳಕ್ಕೊಮ್ಮೆ ಉರಿ ಮಲಗುವುದು, ಮತ್ತೆ ಏಳುವುದು. ಏಳುವಾಗೊಮ್ಮೆ ನನ್ನ ಎದೆಯೂ ಏಳುವುದು. ಗಾಂಧಿನಗರ ದಾಟುವಾಗ ಬಸ್ಸೊಂದು ನಮ್ಮನ್ನು ಒರಸಿಕೊಂಡೇ ಹೋಯಿತು. ಪರದೆ ಪಟಪಟ ಬಡಿಯಿತು. ಬತ್ತಿಯ ತುದಿಯಲ್ಲಿ ಬರೀ ನೀಲಿ ಬಿಂದು ಉಳಿಯಿತು. "ಕೃಷ್ಣಾ!" ಎಂದು ಮುತ್ಯಾಲಮ್ಮ ಕೂಗಿದಳು. ಅದು ದೇವರನ್ನು ಕರೆದದ್ದೋ ಮಗನನ್ನೋ ನನಗೆ ಗೊತ್ತಿಲ್ಲ. ಬಿಂದು ಬೆಳೆದು ಮತ್ತೆ ಉರಿಯಾಯಿತು. ಆ ಕ್ಷಣ ನಮಗೆ ಆದ ಹಿಗ್ಗನ್ನು ಏನೆಂದು ಹೇಳಲಿ! ಸೂತಕದ ಮನೆಯವರು ನಾವು, ಆದರೂ ಮೂವರೂ ಒಬ್ಬರ ಮುಖ ಒಬ್ಬರು ನೋಡಿಕೊಂಡು ಚಿಕ್ಕ ಮಕ್ಕಳ ಹಾಗೆ ನಕ್ಕುಬಿಟ್ಟೆವು.

ಶೇಷಾದ್ರಿಪುರದ ಸಿಗ್ನಲ್ಲಿನಲ್ಲಿ ಪೊಲೀಸಿನವರೊಬ್ಬರು ಪರದೆ ಎತ್ತಿ ನೋಡಿದರು. "ಏನಮ್ಮ ಇದು? ಆಟೋ ಒಳಗೆ ಯಾರಾದ್ರೂ ಬೆಂಕಿ ಇಟ್ಕೋತಾರಾ?"

"ನನ್ ಮಗ ಅಪ್ಪ" ಎಂದಳು ಮುತ್ಯಾಲಮ್ಮ.

ಅವರಿಗೆ ಏನು ಅರ್ಥವಾಯಿತೋ ಕಾಣೆ. ಲಾವಣ್ಯಾಳ ಮುಖ ನೋಡಿದರು, ಜಾಡಿ ನೋಡಿದರು. ಪರದೆಯನ್ನು ಮೆಲ್ಲಗೆ ಇಳಿಸಿ, ಸೀಟಿ ಊದಿ, ನಮ್ಮ ಗಾಡಿಯನ್ನು ಮುಂದಕ್ಕೆ ಬಿಟ್ಟರು.

ಮಲ್ಲೇಶ್ವರದ ಕಚೇರಿಯ ಅಂಗಳದಲ್ಲಿ ಆಗಲೇ ಜನ ಸೇರಿದ್ದರು. ಎಲ್ಲರೂ ಸೈನಿಕರ ಮನೆಯವರೇ. ಬಾಗಿಲಲ್ಲಿ ಕಾವಲಿಗಿದ್ದ ದೊಡ್ಡಬೈರಪ್ಪ ಎಂಬವನು ನಮ್ಮ ಮಂಕರಿ ನೋಡಿ ಅಡ್ಡ ಬಂದ. ಬಿಳಿ ಮೀಸೆ, ನೆಟ್ಟನೆಯ ಬೆನ್ನು. ಅವನೂ ಹಿಂದೆ ಸೈನ್ಯದಲ್ಲಿದ್ದವನೇ ಎಂದು ನಿಂತ ರೀತಿಯಲ್ಲೇ ತಿಳಿಯಿತು.

"ತಾಯಿ, ಒಳಗೆಲ್ಲಾ ಕಾಗದ. ಬೆಂಕಿ ಬಿಡಂಗಿಲ್ಲ. ಆರಿಸ್ಬಿಟ್ಟು ಹೋಗಿ."

"ಆರಿಸೋದಾ?" ಮುತ್ಯಾಲಮ್ಮ ಮಂಕರಿಯನ್ನು ಎದೆಗೆ ಅವುಚಿಕೊಂಡಳು. "ನಡೀರಿ, ಮನೆಗೆ ಹೋಗಣ."

ಸತೀಶ ಮುಂದೆ ಬಂದು, ಇದು ಯಾರ ದೀಪವೆಂದು ಎರಡು ಮಾತಿನಲ್ಲಿ ಹೇಳಿದ. ದೊಡ್ಡಬೈರಪ್ಪ ಬಗ್ಗಿ ಜಾಡಿಯೊಳಗೆ ನೋಡಿದ. ಆಮೇಲೆ ಅಂಗಳದ ಕಡೆ ಕೈ ತೋರಿಸಿದ. "ಒಳಗೆ ಬಿಡಕ್ಕಾಗಲ್ಲ. ಅದು ಡ್ಯೂಟಿ. ಆದ್ರೆ ಆ ಹೊಂಗೆ ಮರದ ಪಕ್ಕ ಕಿಟಕಿ ಇದೆಯಲ್ಲ, ಪೇಪರ್ ನೋಡೋ ಮೇಡಮ್ಮು ಕೂತಿರೋದು ಅದರ ಒಳಗೇ. ಕಿಟಕಿ ಕೆಳಗೆ ಕಟ್ಟೆ ಇದೆ. ಅಲ್ಲಿಡಿ. ಒಳಗಿಂದ ನಿಮ್ ಸೊಸೆಗೆ ದೀಪ ಕಾಣ್ಸತ್ತೆ. ನಾನು ಇಲ್ಲೇ ಇರ್ತೀನಿ."

ಮುತ್ಯಾಲಮ್ಮ ಕಿಟಕಿಯನ್ನು ನೋಡಿದಳು, ಸೊಸೆಯನ್ನು ನೋಡಿದಳು. ಮಂಕರಿಯನ್ನು ಕಟ್ಟೆಯ ಮೇಲಿಟ್ಟು, "ತಲೆ ಬಾಚ್ಕೊಂಡು ಹೋಗು, ಕೆದರಿದೆ" ಎಂದಳು. ಲಾವಣ್ಯಾ ಒಳಗೆ ಹೋಗಿ ಕಿಟಕಿಯ ಎದುರಿಗೇ ಕೂತಳು.

ಕಾಯುತ್ತ ಬಿಸಿಲೇರಿತು. ಒಂದೊಂದೇ ಹೆಸರು ಕೂಗುತ್ತಿದ್ದರು, ಲಾವಣ್ಯಾಳದು ಬರಲೊಲ್ಲದು. ಗಾಜಿನೊಳಗಿನ ಕಾವಿಗೆ ಎಣ್ಣೆ ಬೇಗ ಇಳಿಯುತ್ತಿತ್ತು.

"ಎಣ್ಣೆ ಬಾಟ್ಲು ಕೊಡ್ರಿ" ಎಂದಳು ಮುತ್ಯಾಲಮ್ಮ.

"ನನ್ ಹತ್ರ ಎಲ್ಲಿದೆ? ನೀನು ತಂದಿರ್ತೀಯ ಅಂತ..."

"ನಾನು ಮಂಕರಿ ಹಿಡ್ಕೊಳ್ಳಲಾ, ಬಾಟ್ಲು ಹಿಡ್ಕೊಳ್ಳಲಾ? ಬಾಗಿಲ ಹತ್ರಾನೇ ಇಟ್ಟಿದ್ದೆ! ಜೀವಮಾನವೆಲ್ಲಾ ತಕ್ಕಡಿ ಮರೀಲಿಲ್ಲ, ಮಗನ ಎಣ್ಣೆ ಮರೆತ್ರಾ?"

ಸತೀಶ ಅಂಗಡಿಗೆ ಓಡಿದ. ಆದರೆ ಅವನು ಬರುವವರೆಗೆ ಉಳಿಯುವಂತೆ ಕಾಣಲಿಲ್ಲ. ಬತ್ತಿಯ ಬುಡ ಕರ್ರಗಾಗಿ ಚಟಚಟ ಎನ್ನತೊಡಗಿತು. ಒಳಗಿನಿಂದ ಲಾವಣ್ಯಾ ಎದ್ದು ನಿಂತದ್ದು ಕಂಡಿತು. ಅವಳು ಹೊರಗೆ ಬಂದರೆ ಸರದಿ ತಪ್ಪುವುದು.

ಪಕ್ಕದಲ್ಲಿ ಕಾಯುತ್ತಿದ್ದ ರಂಜಿನಿ ಎಂಬ ಹೆಂಗಸು ಎದ್ದು ಬಂದಳು. ಕೋಲಾರದ ಕಡೆಯವಳು, ಅವಳ ಗಂಡನೂ ಸೈನ್ಯದಲ್ಲಿದ್ದವನಂತೆ. ಚೀಲ ಕೆದಕಿ ಒಂದು ಪುಟ್ಟ ಸೀಸೆ ಚಾಚಿದಳು. "ಅಮ್ಮಾ, ಇದು ಆಗತ್ತಾ ನೋಡಿ. ಕೊಬ್ಬರಿ ಎಣ್ಣೆ."

"ತಲೆಗೆ ಹಚ್ಚೋದಾ? ಎಳ್ಳೆಣ್ಣೆನೇ ಆಗ್ಬೇಕು ಕಣಮ್ಮ, ಈ ದೀಪಕ್ಕೆ..." ಎಂದು ಮುತ್ಯಾಲಮ್ಮ ಕೈ ಹಿಂದೆಗೆದಳು. ಉರಿ ಬಾಗಿತು. ಅವಳು ಸೀಸೆಯನ್ನೇ ನೋಡುತ್ತಿದ್ದಳು. ಅವಳ ಮುಖ ಬದಲಾಯಿತು. "ನನ್ ಮಗ ಟೋಪಿ ಹಾಕೋಕೆ ಮುಂಚೆ ದಿನಾ ಇದೇ ಹಚ್ಕೋತಿದ್ದ. ರಜಕ್ಕೆ ಬಂದ್ರೆ ದಿಂಬೆಲ್ಲಾ ಇದೇ ವಾಸನೆ." ಸೀಸೆ ಕಿತ್ತುಕೊಂಡು, ಜಾಡಿಯೊಳಗೆ ಕೈಯಿಳಿಸಿ, ಹನಿಹನಿಯಾಗಿ ಸುರಿದಳು. ಕೈ ಸುಟ್ಟಿರಬೇಕು, ತೆಗೆಯಲಿಲ್ಲ. ಕೊಬ್ಬರಿಯ ಕಂಪು ಎದ್ದಿತು, ಉರಿ ನೆಟ್ಟಗೆ ನಿಂತಿತು. ಸುತ್ತ ನೆರೆದವರು ಯಾರೋ "ಅಬ್ಬಾ!" ಎಂದರು. ಆಗಲೇ ಒಳಗೆ ಕೂಗಿದರು:

"ಲಾವಣ್ಯಾ! ಹವಾಲ್ದಾರ್ ಮುನಿಕೃಷ್ಣ ಅವರ ಕುಟುಂಬ!"

ನಾನು ಕಿಟಕಿಯ ಸರಳು ಹಿಡಿದು ನಿಂತೆ. ಒಳಗೆ ಕನ್ನಡಕ ಹಾಕಿದ ಅಧಿಕಾರಿಣಿ ಪೇಪರು ತಿರುವಿ, ತಲೆಯೆತ್ತದೆ ಕೇಳಿದರು: "ಯಜಮಾನ್ರು ಬಂದಿದಾರಾ? ಅವರೇ ಅರ್ಜಿಗೆ ಓಡಾಡಿದ್ದಲ್ವಾ?"

ಲಾವಣ್ಯಾ ಒಂದು ಕ್ಷಣ ಕಿಟಕಿಯ ಕಡೆ ನೋಡಿದಳು. "ಬಂದಿದಾರೆ ಮೇಡಂ. ಹೊರಗಿದಾರೆ."

"ಕರೀರಿ."

"ಒಳಗೆ ಬಿಡಲ್ವಂತೆ ಮೇಡಂ." ಚೀಲದಿಂದ ಮರಣ ಪ್ರಮಾಣಪತ್ರ ತೆಗೆದು ಮೇಜಿನ ಮೇಲಿಟ್ಟಳು. "ಹೋಗ್ಬಿಟ್ರು. ಸೀಟು ಬಂದ ದಿನಾನೇ. ಸೂತಕ ಇನ್ನೂ ಕಳೆದಿಲ್ಲ. ಅತ್ತೆ ಮಾವ ದೀಪ ತಂದಿದಾರೆ."

ಆಕೆ ಕನ್ನಡಕ ತೆಗೆದು ಎದ್ದು ಕಿಟಕಿಗೆ ಬಂದರು. ಕಟ್ಟೆಯ ಮೇಲಿನ ಜಾಡಿ, ಎಣ್ಣೆಗೈಯ ಮುತ್ಯಾಲಮ್ಮ, ಪಕ್ಕದಲ್ಲಿ ಕಂಬದಂತೆ ನಿಂತ ದೊಡ್ಡಬೈರಪ್ಪ, ಎಲ್ಲವನ್ನೂ ನೋಡಿದರು. ಗಂಡ ಇಲ್ಲದ ಮೇಲೆ ಸೀಟೂ ಇಲ್ಲ ಎಂದುಬಿಟ್ಟರೆ?

"ಅಮ್ಮಾ, ಯಾಕೆ ಇಷ್ಟು ಗಾಬರಿ? ಅವರು ದುಡಿದದ್ದು ಅವರ ಜೊತೆ ಹೋಗಲ್ಲ" ಎಂದು ಆಕೆ ಮುತ್ಯಾಲಮ್ಮನಿಗೆ ಕಿಟಕಿಯಿಂದಲೇ ಹೇಳಿದರು. ಹಿಂದಿರುಗಿ ಕೂತು, ಪೇಪರುಗಳನ್ನೆಲ್ಲ ನೋಡಿ ಮುಗಿಸಿ, ಮೊಹರು ಹಾಕಿದರು; ಅದರ ಸದ್ದು ನನಗೆ ಹೊರಗೆ ಕೇಳಿಸಿತು. "ಸೀಟು ನಿಮ್ದೇ ಲಾವಣ್ಯಾ. ಕಾರ್ಯ ಎಲ್ಲಾ ಮುಗಿಸ್ಕೊಂಡು ಬನ್ನಿ. ಕ್ಲಾಸು ಆಮೇಲೇ ಶುರು."

ಲಾವಣ್ಯಾ ಹೊರಗೆ ಓಡಿಬಂದಳು. ಅವಳು ಹಾಗೆ ಓಡಿದ್ದನ್ನು ನಾನು ಎಂದೂ ನೋಡಿರಲಿಲ್ಲ. ದೀಪದ ಮುಂದೆ ಮಂಡಿಯೂರಿ ಕೂತು, "ಆಯ್ತು ರೀ, ಆಯ್ತು" ಎಂದಳು. ದೊಡ್ಡಬೈರಪ್ಪ ಕಾಲು ಜೋಡಿಸಿ ದೀಪಕ್ಕೆ ಒಂದು ಸೆಲ್ಯೂಟ್ ಹೊಡೆದ. ಎಣ್ಣೆಯ ಬಾಟ್ಲು ಹಿಡಿದು ಏದುಸಿರು ಬಿಡುತ್ತ ಬಂದ ಸತೀಶ, "ಏನಾಯ್ತು? ಏನಾಯ್ತು?" ಎಂದು ಒಬ್ಬೊಬ್ಬರನ್ನೂ ಕೇಳಿದ.

"ನಿನ್ ತಲೆ ಆಯ್ತು. ಗಾಡಿ ತೆಗಿ" ಎಂದಳು ಮುತ್ಯಾಲಮ್ಮ. ಹೇಳುತ್ತ ಹೇಳುತ್ತ ಸೊಸೆಯ ತಲೆಯ ಮೇಲೆ ಕೈಯಿಟ್ಟಳು. ಎಣ್ಣೆಯ ಕೈ, ಅಂಟಿದ್ದನ್ನು ಒರೆಸಲಿಲ್ಲ.

ದೀಪ ಮನೆ ಮುಟ್ಟಿತು. ಹನ್ನೊಂದನೆಯ ದಿನದವರೆಗೂ ಉರಿಯಿತು. ಅಂದು ಎಡೆಯಿಟ್ಟಾಗ ಲಾವಣ್ಯಾ ಆ ಮೈಸೂರುಪಾಕಿನ ಡಬ್ಬ ತೆರೆದು ಅವನ ಎಲೆಗೆ ಬಡಿಸಿದಳು. ಕಲ್ಲಾಗಿತ್ತು, ಆದರೂ ತುಪ್ಪದ ವಾಸನೆ ಉಳಿದಿತ್ತು. ಕಾಲೇಜಿನ ಆದೇಶವನ್ನು ಎಲೆಯ ಪಕ್ಕ ಇಟ್ಟು ಕೈಮುಗಿದಳು. ಆಮೇಲೆ ಹಾಲು ತುಪ್ಪ ಬಿಟ್ಟು ದೀಪವನ್ನು ಶಾಂತ ಮಾಡಿದಳು. ನಾನು ಕಣ್ಣು ಮುಚ್ಚಿದೆ.

ಸ್ವಾಮಿ ಮುನೇಶ್ವರಾ, ನಿನ್ನ ಹೆಸರು ಹೊತ್ತ ಹುಡುಗ ನಿನ್ನ ಕಡೆ ನಡೆದು ಬರುತ್ತಿದ್ದಾನೆ. ಹಿಮದಲ್ಲಿ ನಿಂತು ದಣಿದ ಕಾಲು ಅವನದು. ಕೂರಲು ಬೆಚ್ಚನೆಯ ಜಾಗ ಕೊಡು. ಹೆಂಡತಿಗೆ ಏನಾಯಿತೋ ಎಂದು ಅವನು ಹಿಂದೆ ತಿರುಗಿ ನೋಡದಿರಲಿ. ಅವಳ ಕೈಹಿಡಿದು ನಡೆಸುವವರು ಇಲ್ಲಿದ್ದೇವೆ ಎಂದು ಅವನ ಕಿವಿಯಲ್ಲಿ ಹೇಳು. ಅವನು ತಡಕಾಡದ ಹಾಗೆ ಮುಂದಿನ ದಾರಿಗೆಲ್ಲ ನೀನೇ ಬೆಳಕಾಗು. ನಮ್ಮ ಮುನಿಕೃಷ್ಣನ ಜೀವಕ್ಕೆ ಶಾಂತಿ ಕೊಡು, ತಂದೆ.